ಬೆಳಿಗ್ಗೆ ತಪ್ಪು, ಸಂಜೆ ಜಾನಪದ

ನವೆಂಬರ್ ಬಂತೆಂದರೆ ನಮ್ಮ ಬಳ್ಳಾರಿ, ಕೊಪ್ಪಳ, ರಾಯಚೂರಿನ ಕಡೆ ಎರಡು ಸುಗ್ಗಿ. ಒಂದು ಭತ್ತದ್ದು, ಇನ್ನೊಂದು ಭಾಷಣದ್ದು. ಭತ್ತಕ್ಕೆ ಬೆಲೆ ಸಿಗುತ್ತದೋ ಇಲ್ಲವೋ ಹೇಳಲಾಗದು. ಭಾಷಣಕ್ಕೆ ಶಾಲು ಗ್ಯಾರಂಟಿ.

ಈ ಎರಡನೇ ಸುಗ್ಗಿಯಲ್ಲಿ ತಪ್ಪದೆ ನಡೆಯುವ ಕಾರ್ಯಕ್ರಮ ಶುದ್ಧ ಕನ್ನಡ ಮಾತಿನ ಸ್ಪರ್ಧೆ. ಕಾರ್ಡಿನಲ್ಲಿ ಬೆಳಿಗ್ಗೆ 10 ಗಂಟೆ ಎಂದಿರುತ್ತದೆ, ಶುರುವಾಗುವುದು 12ಕ್ಕೆ. ಹೈಸ್ಕೂಲಿನ ಹುಡುಗಿಯೊಬ್ಬಳು ಮೈಕ್ ಮುಂದೆ ಬರುತ್ತಾಳೆ. 'ನಾನು ಸಾಲಿಗೆ ಹೋಗುವಾಗ ದಾರ್ಯಾಗ...' ಎನ್ನುತ್ತಾಳೆ. ತೀರ್ಪುಗಾರರ ಪೆನ್ನು ಟಕ್ ಎಂದು ಇಳಿಯುತ್ತದೆ. 'ಸಾಲಿ'ಗೆ ಒಂದು ಅಂಕ ಕಟ್, 'ದಾರ್ಯಾಗ'ಕ್ಕೆ ಇನ್ನೊಂದು. ಹುಡುಗಿ ಔಟ್. ಆಮೇಲೆ ತೀರ್ಪುಗಾರರು ಮೈಕ್ ಹಿಡಿದು, 'ಸ್ಟೂಡೆಂಟ್ಸ್ ಎಲ್ಲರೂ ವೆರಿ ಗುಡ್. ಆದ್ರೆ ಲಾಂಗ್ವೇಜ್ ಕಡೆ ಸ್ವಲ್ಪ ಕಾನ್ಸಂಟ್ರೇಟ್ ಮಾಡ್ಬೇಕು' ಎನ್ನುತ್ತಾರೆ. ಅವರ ಬೆನ್ನ ಹಿಂದೆ 'ಸುಸ್ವಾಗತ' ಎಂಬ ದೊಡ್ಡ ಫ್ಲೆಕ್ಸ್. ಸ್ವಾಗತದಲ್ಲಿ ಆಗಲೇ ಒಂದು 'ಸು' ಅಡಗಿದೆ, ಮತ್ತೊಂದು ಯಾಕೆ ಎಂದು ಅಲ್ಲಿ ಯಾರೂ ಅಂಕ ಕಳೆಯುವುದಿಲ್ಲ.

ಸಂಜೆ ಅದೇ ವೇದಿಕೆ, ಅದೇ ಮೈಕ್. ಹಾಸ್ಯ ಕಲಾವಿದರೊಬ್ಬರು ಬರುತ್ತಾರೆ. 'ಸಾಲಿಗೆ ಹೊಂಟಿದ್ನಿರಿ, ದಾರ್ಯಾಗ ಮಾಸ್ತರು ಗಂಟು ಬಿದ್ರು...' ಅಷ್ಟೇ. ಜನ ಬಿದ್ದು ಬಿದ್ದು ನಗುತ್ತಾರೆ. ಮೊದಲ ಸಾಲಿನಲ್ಲಿ ಕೂತ ಬೆಳಗಿನ ತೀರ್ಪುಗಾರರು ಕಣ್ಣು ಒರೆಸಿಕೊಳ್ಳುತ್ತಾರೆ. ಕಲಾವಿದರಿಗೆ ಹಾರ, ಶಾಲು, ಕವರು. 'ನಮ್ಮ ನೆಲದ ಸೊಗಡು' ಎಂದು ಅಧ್ಯಕ್ಷರ ಮೆಚ್ಚುಗೆ. ಆ ಹುಡುಗಿ ಮಾಡಿದ ತಪ್ಪು ಒಂದೇ. ಆರು ತಾಸು ಬೇಗ ಬಂದಳು.

ಈ 'ಸೊಗಡು' ಎನ್ನುವುದು ಬಹಳ ಉಪಯೋಗಕ್ಕೆ ಬರುವ ಮಾತು. ಬೆಂಗಳೂರಿನ ಕನ್ನಡಕ್ಕೆ ಸೊಗಡು ಇದೆ ಎಂದು ಯಾರಾದರೂ ಹೇಳಿದ್ದು ಕೇಳಿದ್ದೀರಾ? ಅದಕ್ಕೆ ವ್ಯಾಕರಣ ಇದೆ. ನಮಗೆ ಸೊಗಡು ಇದೆ. ಹಂಚಿಕೆ ಹಾಗಾಗಿದೆ.

ನಮಗೆ ವ್ಯಾಕರಣ ಇಲ್ಲ ಎನ್ನುವುದೇ ದೊಡ್ಡ ತಮಾಷೆ. 'ರಿ' ಎಂಬ ಒಂದೇ ಅಕ್ಷರ ನೋಡಿ. ಟಿವಿ ಧಾರಾವಾಹಿ ಬರೆಯುವವರು ಇದನ್ನು ಎಲ್ಲಿ ಬೇಕಾದರೂ ಅಂಟಿಸಬಹುದು ಎಂದುಕೊಂಡಿದ್ದಾರೆ. ಅವರ ಉತ್ತರ ಕರ್ನಾಟಕದ ಪಾತ್ರ ನಾಯಿಗೂ 'ರಿ' ಹಚ್ಚುತ್ತದೆ, ಕಳ್ಳನಿಗೂ ಹಚ್ಚುತ್ತದೆ, ಜಗಳಕ್ಕೆ ನಿಂತಾಗಲೂ 'ಹೊಡಿತೀನ್ರಿ ಮಗನ' ಎನ್ನುತ್ತದೆ. ಕೊಪ್ಪಳದ ಬಸ್ ಸ್ಟ್ಯಾಂಡಿನಲ್ಲಿ ಹಾಗೆ ಮಾತಾಡಿದರೆ ಜನ ನಗುವುದಿಲ್ಲ. ಪಕ್ಕಕ್ಕೆ ಕರೆದು ನೀರು ಕುಡಿಸುತ್ತಾರೆ.

ನಮ್ಮಲ್ಲಿ 'ರಿ'ಗೆ ಕಾಯಿದೆ ಇದೆ. ಗುರುತಿಲ್ಲದವರಿಗೆ ಹಚ್ಚಬೇಕು. ಕಂಡಕ್ಟರಿಗೆ, ಅಂಗಡಿಯವರಿಗೆ ಹಚ್ಚಬೇಕು. ಬೀಗರಿಗಂತೂ ಎಣಿಸಿ ಎಣಿಸಿ ಹಚ್ಚಬೇಕು. ಒಂದು ಕಡಿಮೆ ಬಿದ್ದರೂ ಮುಂದಿನ ಹಬ್ಬದ ತನಕ ಆ ಮಾತು ಉಳಿಯುತ್ತದೆ. ಆದರೆ ಅವ್ವನಿಗೆ, ಅಜ್ಜಿಗೆ ಹಚ್ಚಬಾರದು. ಅಜ್ಜಿ ಯಾರ ಮನೆಯವಳಾದರೂ ಅಜ್ಜಿಯೇ, ಅವಳಿಗೆ ಏಕವಚನವೇ ಮರ್ಯಾದೆ. ಮೊಮ್ಮಗ ಬಂದು 'ನೀವು ಊಟ ಮಾಡಿದಿರಾ' ಎಂದರೆ ಅಜ್ಜಿಗೆ ಎದೆ ಧಸಕ್ ಎನ್ನುತ್ತದೆ. ಹೊಲದ ಕಾಗದಕ್ಕೆ ಹೆಬ್ಬೆಟ್ಟು ಒತ್ತಿಸಿಕೊಳ್ಳಲು ಬಂದಿದ್ದಾನೆ ಎಂದೇ ಲೆಕ್ಕ. ಇನ್ನು ಅವ್ವ ಮಗನಿಗೆ 'ರಿ' ಹಚ್ಚಿದಳೋ, ಅವನ ಕತೆ ಮುಗಿಯಿತು. ಬೆಳಿಗ್ಗೆ 9ರ ತನಕ ಮಲಗಿದವನಿಗೆ 'ಎದ್ರೇನ್ರಿ ಸಾಹೇಬ್ರ?' ಎಂದರೆ ಅದು ಗೌರವವಲ್ಲ, ಕೊನೆಯ ನೋಟೀಸು. ಈ ಕಾಯಿದೆಯನ್ನು ಶಾಲೆಯಲ್ಲಿ ಯಾರೂ ಕಲಿಸುವುದಿಲ್ಲ. ಶಾಲೆಗೆ ಸೇರುವ ಮೊದಲೇ ಮಕ್ಕಳಿಗೆ ಗೊತ್ತಿರುತ್ತದೆ.

ಕಾಯಿದೆ ಇದ್ದ ಮೇಲೆ ಜಾರಿ ಮಾಡುವವರೂ ಬೇಕಲ್ಲ. ಇದ್ದಾರೆ. ಅಜ್ಜಿಯರು, ಕಟ್ಟೆ ಮೇಲೆ ಕೂತವರು, ಹೋಟೆಲ್ ಬೆಂಚಿನ ಕಾಯಂ ಗಿರಾಕಿಗಳು. ಇವರಿಗೆ ಸಂಬಳ ಇಲ್ಲ, ರಜೆ ಇಲ್ಲ, ವರ್ಗಾವಣೆ ಇಲ್ಲ. ಬೆಂಗಳೂರಿಗೆ ಹೋಗಿ ಬಂದ ಹುಡುಗನೊಬ್ಬ ಕಟ್ಟೆ ಮುಂದೆ ಫೋನಿನಲ್ಲಿ 'ಬರ್ತಾ ಇದ್ದೀನಿ' ಎಂದ. 'ಬರಾಕತ್ತೀನಿ' ಎನ್ನಬೇಕಿತ್ತು. ಕಟ್ಟೆಯಿಂದ ತಕ್ಷಣ ತೀರ್ಪು ಬಂತು. 'ಏ ತಮ್ಮಾ, ಟೀವ್ಯಾಗಿಂದ ಇಳಿದು ಬಂದಿಯೇನು?' ಅವತ್ತಿನಿಂದ ಊರಲ್ಲಿ ಅವನ ಹೆಸರು 'ಇದ್ದೀನಿ'. ಮುಂದೆ ಲಗ್ನದ ಕಾರ್ಡು ಬಂದಾಗ ಇದು ಯಾರ ಲಗ್ನ ಎಂದು ಜನ ಕೇಳಿದರಂತೆ.

ಅದೇ ಹುಡುಗ ಬೆಂಗಳೂರಿನಲ್ಲಿ ಉಲ್ಟಾ ಪಾಡು ಪಟ್ಟಿದ್ದ. ಅಲ್ಲಿ 'ಮನಿ' ಎಂದರೆ ನಗುತ್ತಾರೆ ಎಂದು 'ಮನೆ' ಮಾಡಿಕೊಂಡ. 'ತಲಿ'ಯನ್ನು 'ತಲೆ' ಮಾಡಿಕೊಂಡ. ರೂಲು ಸಿಕ್ಕೇ ಬಿಟ್ಟಿತು ಎಂಬ ಖುಷಿಯಲ್ಲಿ ಹೋಟೆಲಿಗೆ ಹೋಗಿ 'ಎರಡು ರೊಟ್ಟೆ, ಶೇಂಗಾ ಚಟ್ನೆ' ಎಂದ. ಹೋಟೆಲಿನ ಹುಡುಗನಿಗೆ ಏನೂ ಅನ್ನಿಸಲಿಲ್ಲ. ಅವನು ಒಡಿಶಾದವನು.

ಅಲ್ಲಿಂದ ಇಲ್ಲಿಗೆ ಬರುವವರಿಗೂ ಇಂಥ ಕಷ್ಟ ಇದ್ದದ್ದೇ. ಹೊಸದಾಗಿ ವರ್ಗವಾಗಿ ಬಂದ ಸಾಹೇಬರು ಬೆಳಿಗ್ಗೆ ತಿಂಡಿ ಏನಿದೆ ಎಂದು ಕೇಳುತ್ತಾರೆ. 'ಒಗ್ಗರಣಿ ಐತ್ರಿ' ಎಂಬ ಉತ್ತರ ಬರುತ್ತದೆ. ಸಾಹೇಬರ ಊರಿನಲ್ಲಿ ಒಗ್ಗರಣೆ ಎಂದರೆ ಸಾಸಿವೆ, ಕರಿಬೇವು, ಒಂದು ಸೌಟು ಎಣ್ಣೆ. 'ಒಗ್ಗರಣೆ ಯಾವುದಕ್ಕೆ?' ಎನ್ನುತ್ತಾರೆ. 'ಹೊಟ್ಟಿಗ್ರಿ ಸಾಹೇಬ್ರ.' ಮಂಡಾಳಿನ, ಅಂದರೆ ಮಂಡಕ್ಕಿಯ, ಒಗ್ಗರಣಿ ತಟ್ಟೆಗೆ ಬಿದ್ದು, ಪಕ್ಕದಲ್ಲಿ ಎರಡು ಬಿಸಿ ಮಿರ್ಚಿ ಕೂತ ಮೇಲೆ ಸಾಹೇಬರಿಗೆ ನಮ್ಮ ಭಾಷೆಯಲ್ಲಿ ತಪ್ಪು ಕಾಣುವುದು ಕಡಿಮೆಯಾಗುತ್ತದೆ.

ಇಷ್ಟು ಓದಿ ನಾವೆಲ್ಲ ಒಗ್ಗಟ್ಟಾಗಿದ್ದೇವೆ ಎಂದು ತಿಳಿಯಬೇಡಿ. ಬೆಂಗಳೂರು ನಮಗೆ ಮಾಡಿದ್ದನ್ನು ನಾವು ಪಕ್ಕದ ಊರಿಗೆ ಮಾಡುತ್ತೇವೆ. ಕೊಪ್ಪಳದವರನ್ನು ಕೇಳಿದರೆ ರಾಯಚೂರಿನ ಕನ್ನಡದಲ್ಲಿ ಉರ್ದು ಜಾಸ್ತಿ. ರಾಯಚೂರಿನವರನ್ನು ಕೇಳಿದರೆ ಬಳ್ಳಾರಿ ಕನ್ನಡದಲ್ಲಿ ತೆಲುಗು ಜಾಸ್ತಿ. ಬಳ್ಳಾರಿ ಪೇಟೆಯವರಿಗೆ ಸಿರುಗುಪ್ಪದ್ದು ಹಳ್ಳಿ ಮಾತು. ಸಿರುಗುಪ್ಪದವರಿಗೆ ಕ್ಯಾಂಪಿನವರದ್ದು ಕನ್ನಡವೇ ಅಲ್ಲ. ಕ್ಯಾಂಪಿನವರಿಗೆ ಅಭಿಪ್ರಾಯ ಹೇಳಲು ಪುರಸೊತ್ತಿಲ್ಲ, ಕೊಯ್ಲು ನಡೆದಿದೆ.

ಕ್ಯಾಂಪ್ ಎಂದರೆ ಗೊತ್ತಲ್ಲ? ತುಂಗಭದ್ರಾ ಅಣೆಕಟ್ಟು 1953ರಲ್ಲಿ ಮುಗಿಯಿತು. ಕಾಲುವೆಗೆ ನೀರು ಬಂದ ಮೇಲೆ ಆಂಧ್ರದ ರೈತರು ಬಂದು ಗಂಗಾವತಿ, ಸಿಂಧನೂರು, ಸಿರುಗುಪ್ಪದ ಸುತ್ತ ನೆಲೆ ನಿಂತರು. ಹೀಗೆ ಹುಟ್ಟಿದ ಊರುಗಳ ಹೆಸರಿಗೆ 'ಕ್ಯಾಂಪ್' ಅಂಟಿಕೊಂಡಿತು. ಸಿಂಧನೂರಿನ ಹತ್ತಿರ ಪೂರ್ವ ಪಾಕಿಸ್ತಾನದಿಂದ ಬಂದ ಬಂಗಾಳಿಗಳ ಕ್ಯಾಂಪುಗಳೂ ಇವೆ. ಇವರಿಗೆ ಯಾವ ಪ್ರಾಧಿಕಾರವೂ ಕನ್ನಡದ ಅಳತೆಪಟ್ಟಿ ಕೊಡಲಿಲ್ಲ. ಸಂತೆಗೆ ಹೋದರು, ಕಲಿತರು. ಸಂತೆಯಲ್ಲಿ ಮಾತು ತಪ್ಪಿದರೆ ಹೋಗುವುದು ಅಂಕವಲ್ಲ, ರೂಪಾಯಿ. ಹಾಗಾಗಿ ಬೇಗ ಕಲಿಯುತ್ತಾರೆ.

ಈಗ ಇತಿಹಾಸಕ್ಕೆ ಬರೋಣ. ನಮ್ಮ ಕಡೆಯ ಪ್ರತಿ ಭಾಷಣಕಾರರ ಜೇಬಿನಲ್ಲೂ ಇದು ಮಡಚಿ ಇಟ್ಟಿರುತ್ತದೆ. 9ನೇ ಶತಮಾನದ 'ಕವಿರಾಜಮಾರ್ಗ' ಕನ್ನಡದ ತಿರುಳು ಎಲ್ಲಿದೆ ಎಂದು ನಾಲ್ಕು ಊರು ಹೆಸರಿಸಿ ಗಡಿ ಹಾಕಿತು. ಕಿಸುವೊಳಲು, ಅಂದರೆ ಪಟ್ಟದಕಲ್ಲು. ಪುಲಿಗೆರೆ, ಅಂದರೆ ಲಕ್ಷ್ಮೇಶ್ವರ. ಒಕ್ಕುಂದ. ಆಮೇಲೆ ಮಹಾಕೊಪಣನಗರ, ಅಂದರೆ ನಮ್ಮ ಕೊಪ್ಪಳ. ಈ ನಾಲ್ಕರ ನಡುವಿನ ನಾಡಿನ ಮಾತೇ ತಿರುಳುಗನ್ನಡ. ಬೆಂಗಳೂರು ಆ ಪಟ್ಟಿಯಲ್ಲಿ ಇಲ್ಲ. ಮೈಸೂರೂ ಇಲ್ಲ. ಆ ಆದೇಶ ಇಂದಿಗೂ ಜಾರಿಯಲ್ಲಿದ್ದಿದ್ದರೆ ಮಜಾ ನೋಡಬೇಕಿತ್ತು. ಜಯನಗರದ ತಾಯಂದಿರು ಬೇಸಿಗೆ ರಜೆಗೆ ಮಕ್ಕಳನ್ನು ಕೊಪ್ಪಳಕ್ಕೆ ಕಳಿಸುತ್ತಿದ್ದರು. ಗವಿಮಠದ ರಸ್ತೆ ತುಂಬ ಬೋರ್ಡು: '30 ದಿನದಲ್ಲಿ ತಿರುಳುಗನ್ನಡ. ಫೇಲಾದರೆ ಫೀಸು ವಾಪಸ್ ಇಲ್ಲ.' ಮೈಸೂರಿನ ಹುಡುಗ 'ಮನೆ' ಎಂದರೆ ಮಾಸ್ತರು 'ಮನಿ ಅನ್ನಲೇ' ಎಂದು ಕಿವಿ ಹಿಂಡುತ್ತಿದ್ದರು. ಆ ಪಾಪದ ಹುಡುಗ ರಾತ್ರಿ ಅವ್ವನಿಗೆ ಫೋನ್ ಮಾಡಿ ಅಳುತ್ತಿದ್ದ, ಅದೂ ಶುದ್ಧ ಕನ್ನಡದಲ್ಲಿ.

ಆದರೆ ಈ ಪದ್ಯ ಹಿಡಿದು 'ನಮ್ದೇ ಒರಿಜಿನಲ್' ಎಂದು ಎದೆ ತಟ್ಟಿಕೊಳ್ಳುವ ನಮ್ಮವರಿಗೂ ಒಂದು ಮಾತು. ಸಾವಿರ ವರ್ಷಕ್ಕಿಂತ ಹಳೆಯ ರೇಷನ್ ಕಾರ್ಡು ತೋರಿಸಿ ಈ ತಿಂಗಳ ಅಕ್ಕಿ ಕೇಳಿದ ಹಾಗಾಯ್ತು. ಅಂದಿನ ಕೊಪಣದ ಕನ್ನಡವನ್ನು ಇಂದು ಕೊಪ್ಪಳದ ಸಂತೆಯಲ್ಲಿ ಆಡಿದರೆ ನಾಲ್ಕು ಬದನೆಕಾಯಿಯೂ ಸಿಗುವುದಿಲ್ಲ. ಇನ್ನೊಂದು ವಿಷಯ ಇದೆ. ಅದೇ ಪುಸ್ತಕ ಹೇಳಿದ ಮತ್ತೊಂದು ಮಾತನ್ನು ಯಾರೂ ವೇದಿಕೆಯಲ್ಲಿ ಹೇಳುವುದಿಲ್ಲ. ಕನ್ನಡ ಒಂದಲ್ಲ, ಹಲವು. ಒಂದೊಂದು ಕಡೆಯ ದೇಸಿ ಒಂದೊಂದು ತರ. ಇವುಗಳಲ್ಲಿ ಇಷ್ಟಿಷ್ಟು ತಪ್ಪು ಎಂದು ಗೊತ್ತು ಮಾಡಲು ಹೋದರೆ ಹಾವುಗಳ ರಾಜ ವಾಸುಕಿಗೂ ಬೇಜಾರಾಗುತ್ತದೆ ಎಂದು ಅದು ಬರೆದಿಟ್ಟಿದೆ. ವಾಸುಕಿ ಕೈಬಿಟ್ಟ ಕೆಲಸವನ್ನು ನಮ್ಮ ತೀರ್ಪುಗಾರರು ಒಂದು ಶಾಲು, ಒಂದು ಪ್ಲೇಟು ಉಪ್ಪಿಟ್ಟಿಗೆ ಸಂಜೆಯೊಳಗೆ ಮುಗಿಸಿ ಎದ್ದು ಹೋಗುತ್ತಾರೆ.

ಆ ಹುಡುಗಿಯ 'ದಾರ್ಯಾಗ'ವನ್ನೇ ನೋಡಿ. ಅದರ ಬಾಲ ಹಳಗನ್ನಡದ 'ಒಳ್' ಮನೆತನದ್ದು. ದಾರಿಯೊಳಗೆ, ದಾರಿಯಾಗ, ದಾರ್ಯಾಗ. ಪಂಪನ ಕಡೆಯ ನೆಂಟರು. ಅಂಕ ಕಳೆಯುವ ಮೊದಲು ಸ್ವಲ್ಪ ಮನೆತನ ವಿಚಾರಿಸಬಹುದಿತ್ತು.

ಸರ್ಕಾರದ ಭಾಷೆ ಒಂದು, ಜನರ ಭಾಷೆ ಇನ್ನೊಂದು ಎನ್ನುವುದು ನಮಗೆ ಹೊಸದಲ್ಲ ಬಿಡಿ. 1915ರಲ್ಲಿ ರಾಯಚೂರು ಜಿಲ್ಲೆಯ ಮಸ್ಕಿಯಲ್ಲಿ, ಚಿನ್ನ ಹುಡುಕುತ್ತಿದ್ದ ಬೀಡನ್ ಎಂಬ ಎಂಜಿನಿಯರ್ ಕಣ್ಣಿಗೆ ಅಶೋಕನ ಶಾಸನ ಬಿತ್ತು. 'ದೇವಾನಾಂಪ್ರಿಯ' ಎಂಬ ಬಿರುದಿನ ಜೊತೆ 'ಅಶೋಕ' ಎಂಬ ಹೆಸರೂ ಇದ್ದದ್ದರಿಂದ ಅದು ಬಹಳ ಪ್ರಸಿದ್ಧವಾಯಿತು. ಭಾಷೆ ಪ್ರಾಕೃತ. ಕೊಪ್ಪಳದ ಗವಿಮಠ, ಪಾಲ್ಕಿಗುಂಡುಗಳ ಶಾಸನಗಳೂ ಪ್ರಾಕೃತವೇ. ಇದೇ ಅಶೋಕ ಕಂದಹಾರದವರಿಗೆ ಗ್ರೀಕ್ ಮತ್ತು ಅರಮಾಯಿಕ್ ಭಾಷೆಯಲ್ಲಿ ಬರೆಸಿಕೊಟ್ಟ. ಅಲ್ಲಿಯವರಿಗೆ ಅಲ್ಲಿಯ ಭಾಷೆ. ನಮಗೆ ಮಾತ್ರ ಹೆಡ್ ಆಫೀಸಿನ ಭಾಷೆ. ಸುತ್ತೋಲೆ ಊರಿನವರಿಗೆ ಅರ್ಥವಾಗಬಾರದು ಎಂಬ ನಿಯಮಕ್ಕೆ ಮಸ್ಕಿಯಲ್ಲಿ 2,200 ವರ್ಷಕ್ಕೂ ಹಳೆಯ ಪರಂಪರೆ ಇದೆ. ಬಂಡೆಯ ಮೇಲೆ ಸಾಕ್ಷಿ ಇದೆ. (ಅದೇ 1915ರಲ್ಲಿ ಬೆಂಗಳೂರಿನಲ್ಲಿ ಸಾಹಿತ್ಯ ಪರಿಷತ್ತು ಹುಟ್ಟಿತು. ಎರಡೂ ಒಂದೇ ವರ್ಷ ಆದದ್ದು ಸುಮ್ನೆ ಕಾಕತಾಳೀಯ. ನಾನು ಏನೂ ಹೇಳಲಿಲ್ಲ.)

ಆಮೇಲೆ ಬಂದವರೂ ಅದೇ ದಾರಿ ಹಿಡಿದರು. ರಾಯಚೂರು, ಕೊಪ್ಪಳ 1948ರ ತನಕ ನಿಜಾಮರ ಕೈಯಲ್ಲಿದ್ದವು. ಕಚೇರಿ ಉರ್ದುವಿನಲ್ಲಿ ನಡೆಯಿತು. ಬಳ್ಳಾರಿ ಮದರಾಸಿನ ಕೆಳಗಿತ್ತು. 1953ರ ಅಕ್ಟೋಬರ್ 1ಕ್ಕೆ ಮೈಸೂರು ರಾಜ್ಯಕ್ಕೆ ಬಂತು. 1956ರ ನವೆಂಬರ್ 1ಕ್ಕೆ ಮೂರೂ ಒಂದೇ ಸೂರಿನಡಿ ಸೇರಿದವು. ಜನ ಏನು ಮಾಡಿದರು? ಬಂದ ಪ್ರತಿ ಸರ್ಕಾರದಿಂದ ಬೇಕಾದ ಪದ ಕಿತ್ತುಕೊಂಡರು, ಅದಕ್ಕೆ ತಮ್ಮ ಬಾಲ ಹಚ್ಚಿದರು. ದವಾಖಾನೆ 'ದವಾಖಾನಿ' ಆಯಿತು. 'ದವಾಖಾನ್ಯಾಗ ಡಾಕ್ಟರ್ ಇಲ್ರಿ' ಎಂದು ನಮ್ಮವರು ಹೇಳುವಾಗ ಪದ ನಿಜಾಮರ ಕಾಲದ್ದು, ಬಾಲ ಹಳಗನ್ನಡದ್ದು, ಡಾಕ್ಟರ್ ಇಲ್ಲದಿರುವುದು ಮಾತ್ರ ಪ್ರಜಾಪ್ರಭುತ್ವದ್ದು.

ಇನ್ನು ಬೆಂಗಳೂರಿನ ಶುದ್ಧ ಕನ್ನಡ ಬಳ್ಳಾರಿಗೆ ಹೇಗೆ ಬರುತ್ತದೆ ಗೊತ್ತಾ? ಹಂಪಿ ಎಕ್ಸ್‌ಪ್ರೆಸ್ ಹತ್ತಿ ಬರುತ್ತದೆ. ಆ ರೈಲು ರಾತ್ರಿ ಬೆಂಗಳೂರು ಬಿಟ್ಟು, ಆಂಧ್ರದೊಳಗೆ ಹೊಕ್ಕು, ಗುಂತಕಲ್ ಸುತ್ತಿ ಬಳ್ಳಾರಿಗೆ ಬರುತ್ತದೆ. ಅಂದರೆ ಶುದ್ಧ ಕನ್ನಡವೂ ತೆಲುಗು ನಾಡಿನಲ್ಲಿ ಒಂದು ನಿದ್ದೆ ತೆಗೆದೇ ನಮ್ಮ ಪ್ಲಾಟ್‌ಫಾರ್ಮಿಗೆ ಇಳಿಯುವುದು. ಇಳಿದ ಮೇಲೆ 'ನಿಮ್ಮಲ್ಲಿ ತೆಲುಗು ಜಾಸ್ತಿ ಅಲ್ವಾ' ಎನ್ನುತ್ತದೆ. ಜೊತೆಗೆ ನಮ್ಮ ಊರಿನ ಹೆಸರನ್ನೂ 'ಬಲ್ಲಾರಿ' ಎನ್ನುತ್ತದೆ. 2014ರ ನವೆಂಬರ್ 1ಕ್ಕೆ ಸರ್ಕಾರ ಇಂಗ್ಲಿಷಿನ ಸ್ಪೆಲಿಂಗ್ ತಿದ್ದಿತು, ಸರಿ. ಆದರೆ ಇಂಗ್ಲಿಷಿನಲ್ಲಿ 'ಳ' ಎಲ್ಲಿಂದ ತರುವುದು?

ಈ ಚೆಕಿಂಗ್ ಉತ್ಸಾಹ ಬೇರೆ ಕಡೆಯೂ ಇದ್ದಿದ್ದರೆ ಚೆನ್ನಾಗಿತ್ತು. 2011ರಲ್ಲಿ ಸುಪ್ರೀಂ ಕೋರ್ಟ್ ಗಣಿಗಾರಿಕೆ ನಿಲ್ಲಿಸುವ ತನಕ ಬಳ್ಳಾರಿಯ ಅದಿರು ಪರ್ಮಿಟ್ ಇಲ್ಲದೆ ಲಾರಿಗಟ್ಟಲೆ ಹೋಯಿತು. ಗುಡ್ಡಕ್ಕೆ ಗುಡ್ಡವೇ ಚೆಕ್‌ಪೋಸ್ಟ್ ದಾಟಿತು. ಒಂದು 'ಇ'ಕಾರ ಪರ್ಮಿಟ್ ಇಲ್ಲದೆ ವೇದಿಕೆ ಹತ್ತಲಿ ನೋಡೋಣ, ಮೂವರು ತೀರ್ಪುಗಾರರು ಅಡ್ಡ ನಿಲ್ಲುತ್ತಾರೆ.

ದರೋಜಿ ಈರಮ್ಮನವರು ನೆನಪಾಗುತ್ತಾರೆ. ಸಂಡೂರು ತಾಲೂಕಿನ ದರೋಜಿಯವರು, ಅಕ್ಷರ ಕಲಿತವರಲ್ಲ. ಬುರ್ರಕಥೆಯಲ್ಲಿ ಕಾವ್ಯದ ಮೇಲೆ ಕಾವ್ಯ ಬಾಯಿಂದಲೇ ಹಾಡಿದರು. ಸಾವಿರಾರು ಸಾಲು, ಕೈಯಲ್ಲಿ ಒಂದು ಚೀಟಿಯೂ ಇಲ್ಲ. ಹಂಪಿಯ ಕನ್ನಡ ವಿಶ್ವವಿದ್ಯಾಲಯ ಅವರಿಗೆ ನಾಡೋಜ ಗೌರವ ಕೊಟ್ಟಿತು. ಕೊಡಲೇಬೇಕಿತ್ತು, ಕೊಟ್ಟರು. ಅವರು ನಮ್ಮ ಬೆಳಗಿನ ಸ್ಪರ್ಧೆಗೆ ಹೆಸರು ಬರೆಸಿದ್ದರೆ? ಮೊದಲ ಸುತ್ತಿನಲ್ಲೇ ಹೊರಗೆ. ಸಮಾಧಾನಕರ ಬಹುಮಾನ, ಒಂದು ಪ್ಲಾಸ್ಟಿಕ್ ಡಬ್ಬಿ.

ಬರೀ ಟೀಕೆ ಮಾಡ್ತೀರಿ, ಪರಿಹಾರ ಹೇಳಿ ಎನ್ನುತ್ತಾರೆ. ತಗೊಳ್ಳಿ, ಹೇಳುತ್ತೇನೆ. 2012ರಲ್ಲಿ ಸಂವಿಧಾನದ 98ನೇ ತಿದ್ದುಪಡಿಯಾಗಿ 371(ಜೆ) ವಿಧಿ ಬಂತು. ನಮ್ಮ ಭಾಗದವರಿಗೆ ಓದಿನಲ್ಲಿ, ನೌಕರಿಯಲ್ಲಿ ಮೀಸಲಾತಿ. ಅದಕ್ಕೆ ನೀವು ಇಲ್ಲಿಯವರು ಎಂಬ ಪ್ರಮಾಣಪತ್ರ ಬೇಕು. ಕಾಗದದ ವಿಷಯ ನಿಮಗೆ ಗೊತ್ತೇ ಇದೆ, ಝೆರಾಕ್ಸ್ ಅಂಗಡಿಗೆ ಲಾಭ. ನನ್ನ ಸಲಹೆ ಇಷ್ಟೇ. ಕಾಗದ ಬಿಡಿ, ನಾಲಿಗೆ ಪರೀಕ್ಷೆ ಇಡಿ. ಪರೀಕ್ಷಕರು ಊರಿನ ಅಜ್ಜಿಯರು. ಕೇಂದ್ರ ಅವರ ಮನೆ ಕಟ್ಟೆ. ಪ್ರಶ್ನೆ ಒಂದೇ: 'ಉಂಡಿಯೇನಪಾ?'

'ಹೌದು ಮೇಡಂ, ನನ್ನ ಊಟವಾಗಿದೆ' ಎಂದವನಿಗೆ ಅಲ್ಲಿಂದಲೇ ಬೆಂಗಳೂರು ಬಸ್ಸು. 'ಆತ್ರಿ, ನಿಮ್ದು?' ಎಂದವನು ಇಲ್ಲಿಯವನೇ, ಆದರೆ ಅಜ್ಜಿಗೆ 'ರಿ' ಹಚ್ಚಿದ್ದಕ್ಕೆ ಅರ್ಧ ಅಂಕ ಕಟ್. 'ಉಂಡೆಬೇ ಯಮ್ಮಾ, ನೀ ಉಂಡಿ?' ಎಂದವನಿಗೆ ನೌಕರಿ. 'ಇಲ್ಲಬೇ' ಎಂದವನಿಗೆ ಮೊದಲು ರೊಟ್ಟಿ, ಆಮೇಲೆ ನೌಕರಿ.

ಇದು ಜಾರಿಯಾದ ಮರುವಾರವೇ ಬೆಂಗಳೂರಿನ ವಿಜಯನಗರದಲ್ಲಿ ಕೋಚಿಂಗ್ ಶುರುವಾಗುತ್ತದೆ ಎಂದು ಗೊತ್ತು. 'ರಾಯಚೂರು ರೆಗ್ಯುಲರ್ ಬ್ಯಾಚ್', 'ಕೊಪ್ಪಳ ಕ್ರ್ಯಾಶ್ ಕೋರ್ಸ್', ಅಭ್ಯಾಸಕ್ಕೆ ಬಾಡಿಗೆ ಅಜ್ಜಿ. ಆಗಲಿ ಬಿಡಿ, ಒಬ್ಬಿಬ್ಬರು ಅಜ್ಜಿಯರಿಗೆ ಆದಾಯವಾದರೂ ಆಗುತ್ತದೆ. ಪ್ರಶ್ನೆಪತ್ರಿಕೆ ಸೋರಿಕೆಯ ಭಯವೂ ಇಲ್ಲ. ಅಜ್ಜಿಯರ ಬಾಯಲ್ಲಿ ಗುಟ್ಟು ನಿಲ್ಲುವುದೇ ಇಲ್ಲ, ಹಾಗಾಗಿ ಎಲ್ಲರಿಗೂ ಸಮಾನವಾಗಿ ಸೋರುತ್ತದೆ. ಸೋರಿದರೂ ಉಪಯೋಗ ಇಲ್ಲ. ಪ್ರಶ್ನೆ ಗೊತ್ತು, ಉತ್ತರ ಗೊತ್ತು, ಆದರೂ 'ಬೇ' ಎನ್ನುವಾಗ ರಾಗ ತಪ್ಪಿ ಕನ್ನಡ ಪ್ರೊಫೆಸರೊಬ್ಬರು ಫೇಲಾಗುತ್ತಾರೆ.

ಅವರು ಮೇಲ್ಮನವಿ ಹಾಕಬಹುದು. ಅದನ್ನು ಕೇಳುವವಳು ಪಕ್ಕದ ಮನೆಯ ಅಜ್ಜಿ. ಹೊಲದ ಬದುವಿನ ಜಗಳವಾದ ಮೇಲೆ ಈ ಇಬ್ಬರಿಗೆ ಮಾತಿಲ್ಲ. ಹಾಗಾಗಿ ಒಬ್ಬಳು ಫೇಲ್ ಮಾಡಿದವರನ್ನು ಇನ್ನೊಬ್ಬಳು, ಪ್ರಶ್ನೆಯನ್ನೂ ಕೇಳದೆ, ಅಲ್ಲೇ ಪಾಸ್ ಮಾಡಿ ಕಳಿಸುತ್ತಾಳೆ.